ವಾರಸುದಾರರಿಲ್ಲದ ತೋಟಕ್ಕೆ ಸರಕಾರ ಎಂಥ ವಾರಸುದಾರ?

ತೆಂಗಿನ ಮರಕ್ಕೆ ಒಡೆಯನ ಸಾವು ತಿಳಿಯುವುದಿಲ್ಲ. ಒಡೆಯ ತೀರಿಹೋದ ತಿಂಗಳಲ್ಲೂ ಅದು ಹೊಂಬಾಳೆ ಬಿಡುತ್ತದೆ, ಕಾಯಿ ಕಟ್ಟುತ್ತದೆ. ತಿಪಟೂರು, ತುರುವೇಕೆರೆ, ಚಿಕ್ಕನಾಯಕನಹಳ್ಳಿ ತಾಲೂಕುಗಳ ಯಾವ ಊರಿಗೆ ಹೋದರೂ ಅಜ್ಜ ನೆಟ್ಟ ಮರದ ಕಾಯಿಯನ್ನು ಮೊಮ್ಮಕ್ಕಳು ಕೀಳಿಸುತ್ತಿರುವುದನ್ನು ಕಾಣಬಹುದು. ಆದರೆ ಮೊಮ್ಮಕ್ಕಳಿಲ್ಲದ ಮನೆಗಳೂ ಇವೆ. ಹೊನ್ನವಳ್ಳಿಯ ಕಡೆಯದೋ ದಂಡಿನಶಿವರದ ಕಡೆಯದೋ ಒಂದು ಹಳ್ಳಿಯಲ್ಲಿ ಮಕ್ಕಳಿಲ್ಲದ ವೃದ್ಧ ವಿಧವೆಯೊಬ್ಬಳು ಎರಡೆಕರೆ ತೋಟವನ್ನು ಬಿಟ್ಟು ಕಣ್ಣು ಮುಚ್ಚಿದಳೆಂದು ಭಾವಿಸೋಣ. ಅಟ್ಟದ ಮೇಲೆ ಅವಳು ಹಾಕಿಸಿದ ಕಾಯಿ ಇನ್ನೂ ಕೊಬ್ಬರಿಯಾಗುತ್ತಿರುತ್ತದೆ. ಪಹಣಿಯ ಒಂಬತ್ತನೆಯ ಕಾಲಂನಲ್ಲಿ ಎಂದೋ ತೀರಿಕೊಂಡ ಗಂಡನ ಹೆಸರೇ ಉಳಿದಿರುತ್ತದೆ.

ಈ ತೋಟ ಯಾರದು? ಮೊದಲು ಬರುವವನು ಬೇಲಿಯನ್ನು ನಾಲ್ಕು ಮಾರು ಒಳಕ್ಕೆ ಸರಿಸುವ ಪಕ್ಕದ ಹೊಲದವನು. ಅನಂತರ ಬರುವವನು ಅವಳು ಬದುಕಿದ್ದಾಗ ಒಮ್ಮೆಯೂ ಬಾಗಿಲು ತಟ್ಟದೆ, ಸತ್ತ ಮೇಲೆ ವಂಶವೃಕ್ಷವೊಂದನ್ನು ಹಿಡಿದು ಬರುವ ದೂರದ ನೆಂಟ. ಕಟ್ಟಕಡೆಗೆ ಕಡತವೊಂದನ್ನು ಹಿಡಿದು ಕಂದಾಯ ಇಲಾಖೆ ಬರುತ್ತದೆ. ವಾರಸುದಾರರಿಲ್ಲದ್ದರಿಂದ ಆಸ್ತಿ ಸರಕಾರಕ್ಕೆ ಸೇರಿತು ಎಂಬುದು ಅದರ ವಾದ. ಆ ವಾದದಲ್ಲಿ ಎಷ್ಟು ನ್ಯಾಯವಿದೆ, ಎಲ್ಲಿ ಅದು ಅನ್ಯಾಯವಾಗಿ ತಿರುಗುತ್ತದೆ, ಮತ್ತು ಅದಕ್ಕೆ ದಾರಿ ಮಾಡಿಕೊಡುವಲ್ಲಿ ನಮ್ಮ ಪಾಲೆಷ್ಟು ಎಂಬುದನ್ನು ನಾವಿಲ್ಲಿ ಚರ್ಚಿಸಬಯಸುತ್ತೇವೆ.

ಸರಕಾರಕ್ಕೆ ಹಕ್ಕಿಲ್ಲವೆಂದು ನಾವು ಹೇಳುತ್ತಿಲ್ಲ. ಸಂವಿಧಾನದ 296ನೆಯ ವಿಧಿಯ ಪ್ರಕಾರ ನ್ಯಾಯಬದ್ಧ ಒಡೆಯನಿಲ್ಲದ ಆಸ್ತಿ ಅದು ಇರುವ ರಾಜ್ಯಕ್ಕೆ ಸೇರುತ್ತದೆ. 1956ರ ಹಿಂದೂ ಉತ್ತರಾಧಿಕಾರ ಕಾಯ್ದೆಯ 29ನೆಯ ಕಲಂ ಕೂಡಾ ಇದನ್ನೇ ಹೇಳುತ್ತದೆ. ಆದರೆ ಅದೇ ಕಲಂ ಇನ್ನೊಂದು ಮಾತನ್ನೂ ಸೇರಿಸಿದೆ. ವಾರಸುದಾರನಾಗಿದ್ದವನು ಯಾವ ಹೊಣೆ, ಯಾವ ಋಣಗಳಿಗೆ ಒಳಪಡುತ್ತಿದ್ದನೋ ಆ ಎಲ್ಲ ಹೊಣೆ, ಋಣಗಳೊಂದಿಗೇ ಸರಕಾರ ಆಸ್ತಿಯನ್ನು ಪಡೆಯಬೇಕು. ಅಂದರೆ ಸರಕಾರ ಸಾಲಿನ ಕಟ್ಟಕಡೆಯಲ್ಲಿ ನಿಂತಿರುವ ಉತ್ತರಾಧಿಕಾರಿ. ಮುಂದಿರುವವರೆಲ್ಲ ಇಲ್ಲವೆಂದು ಖಚಿತವಾದ ಮೇಲಷ್ಟೇ ಅದರ ಸರದಿ. ವಿಪರ್ಯಾಸವೆಂದರೆ ಕಟ್ಟಕಡೆಯಲ್ಲಿ ನಿಲ್ಲಬೇಕಾದವನು ಕೆಲವೊಮ್ಮೆ ಎಲ್ಲರನ್ನೂ ತಳ್ಳಿ ಮುಂದೆ ಬರುತ್ತಾನೆ. ಇನ್ನು ಕೆಲವೊಮ್ಮೆ ಸರದಿ ಬಂದಾಗಲೂ ನಿದ್ದೆ ಹೋಗಿರುತ್ತಾನೆ.

ದುಷ್ಯಂತನ ಪ್ರಶ್ನೆ

ಇದು ಹೊಸ ಸಮಸ್ಯೆಯೇನಲ್ಲ. ಕಾಳಿದಾಸನ ಶಾಕುಂತಲ ನಾಟಕದ ಆರನೆಯ ಅಂಕದಲ್ಲಿ ಧನಮಿತ್ರನೆಂಬ ವರ್ತಕ ಹಡಗು ಮುಳುಗಿ ಸತ್ತ ಸುದ್ದಿ ಬರುತ್ತದೆ. ಅವನಿಗೆ ಮಕ್ಕಳಿಲ್ಲ, ಆದ್ದರಿಂದ ಅವನ ಸಂಪತ್ತು ರಾಜನಿಗೆ ಸೇರತಕ್ಕದ್ದು ಎಂದು ಅಮಾತ್ಯ ಬರೆದು ಕಳುಹಿಸುತ್ತಾನೆ. ದುಷ್ಯಂತ ಕೂಡಲೇ ಬೊಕ್ಕಸದ ಬಾಗಿಲು ತೆರೆಸುವುದಿಲ್ಲ. ಅಷ್ಟು ಸಿರಿವಂತನಿಗೆ ಅನೇಕ ಪತ್ನಿಯರಿರಬಹುದು, ಅವರಲ್ಲಿ ಯಾರಾದರೂ ಗರ್ಭಿಣಿಯೇ ಎಂದು ವಿಚಾರಿಸಿ ನೋಡಿ ಎನ್ನುತ್ತಾನೆ. ಒಬ್ಬಳು ಗರ್ಭಿಣಿಯೆಂದು ತಿಳಿದಾಗ ಗರ್ಭದಲ್ಲಿರುವ ಶಿಶುವಿಗೇ ತಂದೆಯ ಧನವೆಂದು ತೀರ್ಪು ಕೊಡುತ್ತಾನೆ. ಮೊದಲು ವಿಚಾರಿಸಿ, ಅನಂತರ ತೀರ್ಮಾನಿಸಿ ಎಂಬ ಆ ವಿವೇಕವನ್ನೇ ಇಂದು ನಮ್ಮ ನ್ಯಾಯಾಲಯಗಳು ಕಾನೂನಿನ ಭಾಷೆಯಲ್ಲಿ ಹೇಳುತ್ತಿವೆ.

ಈ ವಿವೇಕ ಇಲ್ಲವಾದಾಗ ಏನಾಗುತ್ತದೆಂಬುದಕ್ಕೆ ಕನ್ನಡಿಗರಿಗೆ ದೂರದ ಉದಾಹರಣೆ ಬೇಕಿಲ್ಲ. 1824ರ ಸೆಪ್ಟೆಂಬರಿನಲ್ಲಿ ಕಿತ್ತೂರಿನ ಶಿವಲಿಂಗರುದ್ರಸರ್ಜ ಮಕ್ಕಳಿಲ್ಲದೆ ತೀರಿಕೊಂಡ. ದತ್ತುವನ್ನು ಧಾರವಾಡದ ಕಲೆಕ್ಟರ್ ಥ್ಯಾಕರೆ ಒಪ್ಪಲಿಲ್ಲ. ಖಜಾನೆಗೆ ಮೊಹರು ಹಾಕಿಸಲು ಮುಂದಾದ. ಅಕ್ಟೋಬರ್ 23ರಂದು ಕಿತ್ತೂರಿನ ಕೋಟೆಯ ಮುಂದೆ ಥ್ಯಾಕರೆ ಹತನಾದ. ರಾಣಿ ಚೆನ್ನಮ್ಮನ ಹೋರಾಟವನ್ನು ಸ್ವಾತಂತ್ರ್ಯ ಸಮರವೆಂದು ನಾವು ಹೆಮ್ಮೆಯಿಂದ ನೆನೆಯುತ್ತೇವೆ. ಆದರೆ ವಾರಸುದಾರನಿಲ್ಲವೆಂದು ತೀರ್ಮಾನಿಸುವ ಅಧಿಕಾರ ಯಾರದು ಎಂಬ ಪ್ರಶ್ನೆ ಅದರ ಮೂಲದಲ್ಲಿತ್ತೆಂಬುದನ್ನು ಮರೆಯುತ್ತೇವೆ. ಆಸ್ತಿಯನ್ನು ಬಯಸುವವನೇ ಆ ತೀರ್ಮಾನವನ್ನೂ ಮಾಡಿದರೆ ಅದು ನ್ಯಾಯವಾಗದು. ಮುಂದೆ ಡಾಲ್‌ಹೌಸಿ ಸತಾರಾ, ಝಾನ್ಸಿಗಳನ್ನು ನುಂಗಿದ್ದು ಇದೇ ತರ್ಕದಿಂದ.

ನ್ಯಾಯಾಲಯಗಳು ಹೇಳಿದ್ದೇನು?

ಸ್ವತಂತ್ರ ಭಾರತದ ಸರ್ವೋಚ್ಚ ನ್ಯಾಯಾಲಯ ಈ ಪ್ರಶ್ನೆಗೆ ಸ್ಪಷ್ಟ ಉತ್ತರ ಕೊಟ್ಟಿದೆ. ಬಿಹಾರದ ಬೆಟ್ಟಿಯಾ ಸಂಸ್ಥಾನದ ಪ್ರಕರಣದಲ್ಲಿ, 1983ರಲ್ಲಿ, ವಾರಸುದಾರರೇ ಇಲ್ಲವೆಂದು ವಾದಿಸುವವರ ಮೇಲೆಯೇ ಅದನ್ನು ಸಾಬೀತುಪಡಿಸುವ ಭಾರವಿದೆ, ಮತ್ತು ಆ ಭಾರ ಹಗುರವಾದುದಲ್ಲ ಎಂದು ಅದು ಹೇಳಿತು. 2017ರಲ್ಲಿ ಹರಿದ್ವಾರದ ಆಶ್ರಮ ಟ್ರಸ್ಟೊಂದರ ಪ್ರಕರಣ ಬಂತು. ಅಲ್ಲಿ ಜಿಲ್ಲಾ ಕಲೆಕ್ಟರರೇ ಆಸ್ತಿ ಸರಕಾರಕ್ಕೆ ಸೇರಿತೆಂದು ಆದೇಶ ಹೊರಡಿಸಿದ್ದರು. ಸರ್ವೋಚ್ಚ ನ್ಯಾಯಾಲಯ ಅದನ್ನು ತಳ್ಳಿಹಾಕಿತು. ಇಂಥ ಹಕ್ಕಿನ ಪ್ರಶ್ನೆಯನ್ನು ಆಡಳಿತಾಧಿಕಾರಿಯ ಆದೇಶದಿಂದ ಇತ್ಯರ್ಥಪಡಿಸಲಾಗದು. ಸಿವಿಲ್ ನ್ಯಾಯಾಲಯದಲ್ಲಿ ಸಾಕ್ಷ್ಯಗಳ ಮೂಲಕ ಅದು ತೀರ್ಮಾನವಾಗಬೇಕು ಎಂದಿತು.

ನಾವು ಮೊದಲು ಹೇಳಿದ ವಿಧವೆಯ ತೋಟಕ್ಕೆ ಇವೆರಡಕ್ಕಿಂತ ಹತ್ತಿರದ್ದು 1991ರ ಪಂಜಾಬಿನ ಪ್ರಕರಣ. ಮಕ್ಕಳಿಲ್ಲದ ಹಿಂದೂ ವಿಧವೆಗೆ ಗಂಡನಿಂದ ಬಂದ ಆಸ್ತಿ ಅವಳ ಮರಣಾನಂತರ ಗಂಡನ ವಾರಸುದಾರರಿಗೆ ಸೇರುತ್ತದೆ. ಗಂಡನ ಕಡೆ ಯಾರೂ ಇಲ್ಲದಿದ್ದರೆ? ಸರಕಾರಕ್ಕೆ ಎಂಬುದು ಪಂಜಾಬ್ ಸರಕಾರದ ವಾದವಾಗಿತ್ತು. ಅಲ್ಲ, ಆಗ ಅವಳ ಸ್ವಂತ ರಕ್ತಸಂಬಂಧಿಗಳ ಸರದಿ ಬರುತ್ತದೆ, ಅವರೂ ಇಲ್ಲದಿದ್ದರೆ ಮಾತ್ರ ಸರಕಾರ ಎಂದು ಸರ್ವೋಚ್ಚ ನ್ಯಾಯಾಲಯ ತೀರ್ಪಿತ್ತಿತು. ನಮ್ಮ ಹಳ್ಳಿಗಳಲ್ಲಿ ಈ ತೀರ್ಪನ್ನು ಬಲ್ಲವರೆಷ್ಟು ಮಂದಿ? ಗಂಡನ ಕಡೆಯವರಿಲ್ಲವೆಂದ ಕೂಡಲೇ ಕತೆ ಮುಗಿಯಿತೆಂದು ಕಡತ ಮುಚ್ಚುವವರೇ ಹೆಚ್ಚು. ಆಕೆಗೊಬ್ಬ ತಮ್ಮನಿದ್ದ, ಆ ತಮ್ಮನಿಗೆ ಮಕ್ಕಳಿದ್ದಾರೆ ಎಂಬ ಸಂಗತಿ ತವರೂರಿನ ಜಗಲಿಯಲ್ಲೇ ಉಳಿದುಬಿಡುತ್ತದೆ.

ಸರಕಾರಗಳು ಮಾಡಿದ್ದೇನು?

ಇಷ್ಟು ಸ್ಪಷ್ಟವಾಗಿರುವ ದಾರಿಯನ್ನು ಬಿಟ್ಟು ಅಡ್ಡದಾರಿ ಹಿಡಿದಾಗ ಸರಕಾರಗಳಿಗೂ ಲಾಭವಾಗಿಲ್ಲ. ರಾಜಸ್ಥಾನ ಇದಕ್ಕೆಂದೇ 1956ರಲ್ಲಿ ಕಾಯ್ದೆ ಮಾಡಿದ ರಾಜ್ಯ. 1987ರಲ್ಲಿ ಖೇತ್ರಿಯ ರಾಜಾ ಸರ್ದಾರ್ ಸಿಂಗ್ ಮಕ್ಕಳಿಲ್ಲದೆ ತೀರಿಕೊಂಡಾಗ ಆ ಕಾಯ್ದೆಯಡಿ ಅವರ ಆಸ್ತಿಯನ್ನು ಸರಕಾರ ವಶಪಡಿಸಿಕೊಂಡಿತು. ಆದರೆ ಅವರು ಟ್ರಸ್ಟೊಂದಕ್ಕೆ ಉಯಿಲು ಬರೆದಿದ್ದರು. 2023ರಲ್ಲಿ ದಿಲ್ಲಿ ಹೈಕೋರ್ಟು ಉಯಿಲನ್ನು ಎತ್ತಿಹಿಡಿಯಿತು. 2025ರಲ್ಲಿ ರಾಜಸ್ಥಾನ ಸರಕಾರದ ತಕರಾರನ್ನು ಸರ್ವೋಚ್ಚ ನ್ಯಾಯಾಲಯವೂ ಒಪ್ಪಲಿಲ್ಲ. 38 ವರ್ಷ! ಒಂದು ತೆಂಗಿನ ಸಸಿ ನೆಟ್ಟು, ಅದು ಫಲಕ್ಕೆ ಬಂದು, ಒಂದು ತಲೆಮಾರು ಅದರ ಕಾಯಿ ತಿಂದು ಮುಗಿಸುವಷ್ಟು ಕಾಲ.

ಬೆಟ್ಟಿಯಾದ ಕತೆ ಇನ್ನೂ ದೊಡ್ಡದು. ಅಲ್ಲಿನ ಕೊನೆಯ ಮಹಾರಾಜ ತೀರಿಕೊಂಡದ್ದು 1893ರಲ್ಲಿ, ಮಹಾರಾಣಿ ಜಾನಕಿ ಕುವರ್ ತೀರಿಕೊಂಡದ್ದು 1954ರಲ್ಲಿ. ಬಿಹಾರ ವಿಧಾನಮಂಡಲ ಆ 15 ಸಾವಿರ ಎಕರೆಗೂ ಮಿಕ್ಕ ಭೂಮಿಯನ್ನು ಸರಕಾರಕ್ಕೆ ವಹಿಸುವ ಕಾಯ್ದೆ ಮಾಡಿದ್ದು 2024ರಲ್ಲಿ. ಈ 70 ವರ್ಷಗಳಲ್ಲಿ ಆ ಭೂಮಿಯ ದೊಡ್ಡ ಭಾಗ ಒತ್ತುವರಿಯಾಗಿತ್ತು.

ನಮ್ಮ ಮೈಸೂರಿಗೂ ಇಂಥದೊಂದು ಕತೆಯಿದೆ. ಮಹಾರಾಜರು ಬೇಟೆಯಾಡಿದ ಹುಲಿಗಳಿಗೆ ಜೀವಂತ ರೂಪ ಕೊಡುತ್ತಿದ್ದ ವ್ಯಾನ್ ಇಂಗೆನ್ ಮನೆತನವನ್ನು ಹಳೆಯ ಮೈಸೂರಿಗರು ಬಲ್ಲರು. ಆ ಮನೆತನದ ಅವಿವಾಹಿತ ಹಿರಿಯರೊಬ್ಬರು 2013ರಲ್ಲಿ ನೂರು ದಾಟಿದ ವಯಸ್ಸಿನಲ್ಲಿ ಮೈಸೂರಿನಲ್ಲಿ ತೀರಿಕೊಂಡರು. ವಯನಾಡಿನ ಕಾಟಿಕುಳಂ ಬಳಿ ಅವರಿಗಿದ್ದ ಇನ್ನೂರಕ್ಕೂ ಹೆಚ್ಚು ಎಕರೆಯ ಆಲತ್ತೂರು ಎಸ್ಟೇಟನ್ನು 1964ರ ತನ್ನ ಕಾಯ್ದೆಯನ್ವಯ ವಶಪಡಿಸಿಕೊಳ್ಳಲು ಕೇರಳದ ಆಡಳಿತ ಆದೇಶ ಹೊರಡಿಸಿದ್ದು 2018ರಲ್ಲಿ. ಅಷ್ಟರಲ್ಲಿ ದಾನಪತ್ರದ ಆಧಾರದಲ್ಲಿ ಹಕ್ಕು ಕೇಳುವವರಿದ್ದರು. ವಿಷಯ ನ್ಯಾಯಾಲಯದ ಮೆಟ್ಟಲೇರಿತು. ಹಕ್ಕು ಯಾರದೆಂದು ಹೇಳುವುದು ನಮ್ಮ ಕೆಲಸವಲ್ಲ. ಒಡೆಯ ಕಣ್ಣು ಮುಚ್ಚಿದ ಐದು ವರ್ಷಗಳ ಮೇಲೆ ಎಚ್ಚರಗೊಳ್ಳುವ ಸರಕಾರ ಎಂಥ ಕಾವಲುಗಾರ ಎಂಬುದಷ್ಟೇ ನಮ್ಮ ಪ್ರಶ್ನೆ.

ಕೇರಳದ್ದೇ ಇನ್ನೊಂದು ಪಾಠವನ್ನೂ ಗಮನಿಸಬೇಕು. ಅದು ವಾರಸುದಾರರಿಲ್ಲದ ಆಸ್ತಿಯ ಪ್ರಕರಣವಲ್ಲ, ಬ್ರಿಟಿಷ್ ಕಾಲದ ಕಂಪೆನಿಯಿಂದ ಬಂದ ಹ್ಯಾರಿಸನ್ಸ್ ಮಲಯಾಳಂ ತೋಟಗಳದ್ದು. ಆದರೆ ದಾರಿ ತಪ್ಪಿದ ಬಗೆ ಒಂದೇ. ಸುಮಾರು 38 ಸಾವಿರ ಎಕರೆಯನ್ನು ಮರಳಿ ಪಡೆಯಲು ಸರಕಾರ ವಿಶೇಷಾಧಿಕಾರಿಯೊಬ್ಬರ ಆದೇಶವನ್ನು ನೆಚ್ಚಿಕೊಂಡಿತು. ಒಡೆತನದ ವಿವಾದವನ್ನು ತೀರ್ಮಾನಿಸಲು ಅವರಿಗೆ ಅಧಿಕಾರವಿಲ್ಲವೆಂದು 2018ರಲ್ಲಿ ಕೇರಳ ಹೈಕೋರ್ಟು ಆದೇಶಗಳನ್ನು ರದ್ದುಪಡಿಸಿತು. ಮೊದಲೇ ಹೂಡಬೇಕಿದ್ದ ಸಿವಿಲ್ ದಾವೆಯನ್ನು ಸರಕಾರ ಅನಂತರ ಹೂಡಬೇಕಾಯಿತು. ಅವಸರದ ಅಡ್ಡದಾರಿಯಿಂದ ಗೆದ್ದವರಾರು? ಭೂಮಿಗಾಗಿ ಕಾಯುತ್ತಿದ್ದ ದಲಿತರಂತೂ ಅಲ್ಲ, ಆದಿವಾಸಿಗಳಂತೂ ಅಲ್ಲ.

ಕಲ್ಪತರು ನಾಡಿನಲ್ಲಿ

ಈಗ ತಿಪಟೂರಿಗೆ ಮರಳೋಣ. ಇಲ್ಲಿ ಸಾವಿರಾರು ಎಕರೆಯ ಸಂಸ್ಥಾನಗಳಿಲ್ಲ. ಇರುವುದು ಒಂದೆಕರೆ, ಎರಡೆಕರೆ, ಮೂವತ್ತು ಗುಂಟೆ. ಹಾಗೆಂದು ವಿಷಯ ಸಣ್ಣದಲ್ಲ. 2024ರಲ್ಲಿ ಕ್ವಿಂಟಲಿಗೆ 12 ಸಾವಿರ ರೂಪಾಯಿಯ ಬೆಂಬಲ ಬೆಲೆಗಾಗಿ ಉಂಡೆ ಕೊಬ್ಬರಿ ಬೆಳೆದವರು ನಾಫೆಡ್ ನೋಂದಣಿಯ ಸರತಿಯಲ್ಲಿ ನಿಂತಿದ್ದರು. 2025ರಲ್ಲಿ ತಿಪಟೂರು ಮಾರುಕಟ್ಟೆಯಲ್ಲಿ ದರ 25 ಸಾವಿರ ದಾಟಿತು. ಶಿವಮೊಗ್ಗ ಹೆದ್ದಾರಿಯ ಅಗಲೀಕರಣಕ್ಕೆ, ಎತ್ತಿನಹೊಳೆ ಕಾಲುವೆಗೆ ಭೂಮಿ ಹೋದೆಡೆ ಪರಿಹಾರದ ಹಣವಿದೆ. ಒಡೆಯನಿಲ್ಲದ ತೋಟದ ಮೇಲೆ ಕಣ್ಣು ಬೀಳಲು ಇಷ್ಟು ಸಾಕು.

ಕರ್ನಾಟಕ ಭೂಕಂದಾಯ ಕಾಯ್ದೆ 1964ರ 128ನೆಯ ಕಲಂ ಪ್ರಕಾರ ವಾರಸಿನಿಂದ ಹಕ್ಕು ಪಡೆದವನು ಮೂರು ತಿಂಗಳೊಳಗೆ ಅದನ್ನು ವರದಿ ಮಾಡಬೇಕು. ಮಾಡುವವರೆಷ್ಟು ಮಂದಿ? ಪೌತಿ ಖಾತೆಯಾಗದೆ ಸತ್ತವರ ಹೆಸರಿನಲ್ಲೇ ಉಳಿದ ಜಮೀನುಗಳು ರಾಜ್ಯದಲ್ಲಿ ಲಕ್ಷಾಂತರ ಇವೆಯೆಂದು ಕಂದಾಯ ಸಚಿವ ಕೃಷ್ಣ ಬೈರೇಗೌಡರೇ ಹೇಳಿ, 2025ರಲ್ಲಿ ಇ-ಪೌತಿ ಆಂದೋಲನವನ್ನು ಹಮ್ಮಿಕೊಳ್ಳಬೇಕಾಯಿತು. ಪಹಣಿಯಲ್ಲಿ ಸತ್ತವನ ಹೆಸರು ಉಳಿಯುವುದೆಂದರೆ ಬದುಕಿರುವ ವಾರಸುದಾರ ಕಾಗದದಲ್ಲಿ ಸತ್ತಂತೆ. ಬೆಂಗಳೂರಿನ ಪೀಣ್ಯದಲ್ಲಿ ಕೂಲಿಗೆ ಹೋದ ಮಗ, ಅರಸೀಕೆರೆಗೋ ಗುಬ್ಬಿಗೋ ಕೊಟ್ಟ ಮಗಳು ಕಡತದ ಕಣ್ಣಿಗೆ ಕಾಣುವುದಿಲ್ಲ.

ಮಗಳ ಮಾತು ಬಂದುದರಿಂದ ಕಹಿಯಾದ ಸತ್ಯವೊಂದನ್ನು ಹೇಳಲೇಬೇಕು. ವಂಶವೃಕ್ಷದಿಂದ ಹೆಣ್ಣುಮಕ್ಕಳ ಹೆಸರನ್ನು ಕೈಬಿಡುವ ಚಾಳಿ ನಮ್ಮ ಊರುಗಳಲ್ಲಿ ಜಾತಿ, ಧರ್ಮಗಳ ಭೇದವಿಲ್ಲದೆ ಇದೆ. ಕರ್ನಾಟಕ 1994ರಲ್ಲಿ, ಇಡೀ ದೇಶ 2005ರಲ್ಲಿ ಹಿಂದೂ ಹೆಣ್ಣುಮಕ್ಕಳಿಗೆ ಪಿತ್ರಾರ್ಜಿತದಲ್ಲಿ ಸಮಪಾಲು ಕೊಟ್ಟ ಮೇಲೂ ಅದು ನಿಂತಿಲ್ಲ. ಒಂದು ತಲೆಮಾರಿನಲ್ಲಿ ಮಗಳ ಹೆಸರನ್ನು ಅಳಿಸಿದವರು ಮುಂದಿನ ತಲೆಮಾರಿನಲ್ಲಿ ತಮ್ಮ ಗಂಡು ಸಂತತಿ ನಿಂತುಹೋದಾಗ ವಾರಸುದಾರರೇ ಇಲ್ಲವೆಂದು ಕೈಚೆಲ್ಲುತ್ತಾರೆ. ವಾರಸುದಾರರು ಇದ್ದರು, ನೀವೇ ಅಳಿಸಿದಿರಿ!

ಈ ವಿಷಯದಲ್ಲಿ ಮುಸ್ಲಿಮರು ಬೆನ್ನು ತಟ್ಟಿಕೊಳ್ಳುವ ಹಾಗಿಲ್ಲ. ಮಗಳ ಪಾಲನ್ನು ಕುರ್‌ಆನ್ ನಿಗದಿಪಡಿಸಿದೆಯೆಂದು ವೇದಿಕೆಗಳಲ್ಲಿ ಹೇಳುವ ನಾವು ಖಾತೆ ಮಾಡಿಸುವಾಗ ಅಣ್ಣತಮ್ಮಂದಿರ ಹೆಸರಿನಲ್ಲೇ ಮುಗಿಸುತ್ತೇವೆ. ಇಸ್ಲಾಮಿನ ಉತ್ತರಾಧಿಕಾರ ಶಾಸ್ತ್ರದಲ್ಲಿಯೂ ವಾರಸುದಾರರಿಲ್ಲದ ಆಸ್ತಿ ಕೊನೆಗೆ ಬೈತುಲ್ ಮಾಲ್‌ಗೆ, ಅಂದರೆ ಸಾರ್ವಜನಿಕ ಬೊಕ್ಕಸಕ್ಕೆ ಸೇರುತ್ತದೆ. ಆದರೆ ತುಮಕೂರು ಸೀಮೆಯ ಬಹುಪಾಲು ಮುಸ್ಲಿಮರು ಅನುಸರಿಸುವ ಹನಫಿ ಪಂಥದಲ್ಲಿ ನಿಗದಿತ ಪಾಲುದಾರರು, ಅನಂತರ ಗಂಡು ಕಡೆಯ ಬಂಧುಗಳು, ಅವರೂ ಇಲ್ಲದಾಗ ಮಗಳ ಮಕ್ಕಳು, ಸೋದರಿಯ ಮಕ್ಕಳಂಥ ದೂರದ ರಕ್ತಸಂಬಂಧಿಗಳು, ಹೀಗೆ ಸಾಲು ಸಾಗಿದ ಬಳಿಕವೇ ಬೊಕ್ಕಸ. ಶಾಫಿಈ ಪಂಥದ ಹಿಂದಿನ ವಿದ್ವಾಂಸರು ದೂರದ ಬಂಧುಗಳಿಗಿಂತ ಬೊಕ್ಕಸಕ್ಕೆ ಆದ್ಯತೆ ಕೊಟ್ಟಿದ್ದರು. ಅದೇ ಪಂಥದ ಮುಂದಿನ ವಿದ್ವಾಂಸರು ಅದನ್ನು ತಿದ್ದಿದರು. ಬೊಕ್ಕಸ ನ್ಯಾಯಯುತವಾಗಿ, ವ್ಯವಸ್ಥಿತವಾಗಿ ನಡೆಯದಿದ್ದರೆ ಆಸ್ತಿ ಬಂಧುಗಳಿಗೇ ಮರಳಬೇಕು ಎಂದರು. ಅವರ ತರ್ಕದಲ್ಲಿ ಇಡೀ ಪ್ರಶ್ನೆಯ ತಿರುಳಿದೆ. ಬೊಕ್ಕಸಕ್ಕೆ ಹಕ್ಕು ಬರುವುದು ಅದು ಬೊಕ್ಕಸವೆಂಬ ಕಾರಣಕ್ಕಲ್ಲ. ಬಡವನ ಪಾಲನ್ನು ಬಡವನಿಗೆ ತಲುಪಿಸುತ್ತದೆ ಎಂಬ ಕಾರಣಕ್ಕೆ.

ಅಧಿಕಾರಿಗಳ ವಾದ

ಅಧಿಕಾರಿಗಳು ಒಂದು ಮಾತು ಹೇಳುತ್ತಾರೆ. ಸಿವಿಲ್ ದಾವೆ ಹೂಡಿದರೆ ಇಪ್ಪತ್ತು ವರ್ಷ ಹಿಡಿಯುತ್ತದೆ. ಅಷ್ಟರಲ್ಲಿ ಬಲಾಢ್ಯರು ತೋಟವನ್ನು ನುಂಗಿರುತ್ತಾರೆ. ಆದ್ದರಿಂದ ಮೊದಲು ವಶಪಡಿಸಿಕೊಳ್ಳುವುದೇ ಲೇಸು. ಇದರಲ್ಲಿ ಹುರುಳಿಲ್ಲವೆಂದು ನಾವು ಹೇಳುವುದಿಲ್ಲ. ನಕಲಿ ಉಯಿಲು, ನಕಲಿ ವಂಶವೃಕ್ಷಗಳ ಹಾವಳಿ ಯಾರಿಗೆ ತಿಳಿಯದು? ಆದರೆ ಇದಕ್ಕೆ ಕಾನೂನಿನಲ್ಲೇ ಮದ್ದಿದೆ. ದಾವೆ ಹೂಡಿದ ದಿನವೇ ರಿಸೀವರರನ್ನು ನೇಮಿಸುವಂತೆ ಕೇಳಬಹುದು. ಸಿವಿಲ್ ಪ್ರಕ್ರಿಯಾ ಸಂಹಿತೆಯ 40ನೆಯ ಆದೇಶ ಇರುವುದು ಅದಕ್ಕಾಗಿಯೇ. ರಿಸೀವರರ ಮೇಲುಸ್ತುವಾರಿಯಲ್ಲಿ ಕಾಯಿ ಹರಾಜಾಗಲಿ, ಹಣ ನ್ಯಾಯಾಲಯದಲ್ಲಿ ಠೇವಣಿಯಾಗಲಿ, ಮರಗಳಿಗೆ ನೀರು ಹೋಗಲಿ. ಗೆದ್ದವನು ತೋಟವನ್ನೂ ಹಣವನ್ನೂ ಪಡೆಯಲಿ.

ಕಾಲಮಿತಿಯ ದೃಷ್ಟಿಯಿಂದಲೂ ಸರಕಾರ ದುರ್ಬಲವೇನಲ್ಲ. ತನ್ನ ಸ್ವತ್ತಿಗಾಗಿ ದಾವೆ ಹೂಡಲು ಸಾಮಾನ್ಯನಿಗೆ 12 ವರ್ಷ, ಸರಕಾರಕ್ಕೆ 30 ವರ್ಷ. ಇಷ್ಟು ಅವಧಿಯಿದ್ದೂ ಮಲಗಿದ್ದು, ಒಂದು ಬೆಳಗ್ಗೆ ಎದ್ದು ನೋಟಿಸು ಅಂಟಿಸುವುದು ಆಡಳಿತವೆನಿಸುವುದಿಲ್ಲ. ಇನ್ನೂ ನೋವಿನ ಸಂಗತಿಯೆಂದರೆ ಆ ನೋಟಿಸಿನ ಬಿಸಿ ಮೊದಲು ತಟ್ಟುವುದು ತೋಟದ ಮೂಲೆಯ ಗುಡಿಸಲಲ್ಲಿದ್ದು, ಆ ಮುದುಕಿಗೆ ಕೊನೆಗಾಲದಲ್ಲಿ ಗಂಜಿ ಕೊಟ್ಟು, ಮರಗಳಿಗೆ ನೀರು ಹಾಯಿಸಿದ ಕೂಲಿಯವನಿಗೆ. ಬೇಲಿ ಸರಿಸಿದವನಿಗೆ ವಕೀಲರಿರುತ್ತಾರೆ. ಇವನಿಗೆ ಕಾಗದವಿಲ್ಲ, ಆದ್ದರಿಂದ ಒಂದೇ ದಿನದಲ್ಲಿ ಒತ್ತುವರಿದಾರನಾಗುತ್ತಾನೆ.

ಹಾಗಾದರೆ ಆಗಬೇಕಾದುದೇನು? ಮೊದಲನೆಯದಾಗಿ, ಒಡೆಯನಿಲ್ಲದೆ ಉಳಿದ ಪ್ರತಿಯೊಂದು ಜಮೀನಿನ ವಿವರವೂ ಆಯಾ ಗ್ರಾಮ ಪಂಚಾಯಿತಿಯ ಗೋಡೆಯ ಮೇಲೆ ತಿಳಿಗನ್ನಡದಲ್ಲಿ ಪ್ರಕಟವಾಗಲಿ. ಸತ್ತವರು ಹೆಣ್ಣಾಗಿದ್ದರೆ ಅವಳ ತವರೂರಿನಲ್ಲೂ ಪ್ರಕಟವಾಗಲಿ. ಎರಡನೆಯದಾಗಿ, ವಾರಸುದಾರರು ಮುಂದೆ ಬರದಿದ್ದರೆ ಸರಕಾರ ತಡಮಾಡದೆ ಸಿವಿಲ್ ನ್ಯಾಯಾಲಯಕ್ಕೆ ಹೋಗಲಿ. ಮೂರು ತಾಲೂಕುಗಳಿಗೂ ತಿಪಟೂರಿನಲ್ಲಿ ಒಬ್ಬರೇ ಉಪವಿಭಾಗಾಧಿಕಾರಿಗಳಿರುವುದರಿಂದ ಇಂಥ ಪ್ರಕರಣಗಳ ಪಟ್ಟಿಯನ್ನು ಒಂದೆಡೆ ಸಿದ್ಧಪಡಿಸುವುದು ಕಷ್ಟದ ಕೆಲಸವಲ್ಲ. ಮೂರನೆಯದಾಗಿ, ಹೆಣ್ಣುಮಕ್ಕಳ ಹೆಸರಿಲ್ಲದ ವಂಶವೃಕ್ಷಕ್ಕೆ ಸ್ಥಳದಲ್ಲೇ ವಿಚಾರಿಸದೆ ಯಾವ ಅಧಿಕಾರಿಯೂ ಸಹಿ ಹಾಕದಿರಲಿ. ನಾಲ್ಕನೆಯದಾಗಿ, ನ್ಯಾಯಾಲಯದ ತೀರ್ಪಿನಿಂದ ಸರಕಾರಕ್ಕೆ ಬಂದ ಭೂಮಿ ಪ್ರಭಾವಿಗಳ ಸಂಘಸಂಸ್ಥೆಗಳಿಗೆ ಹೋಗದಿರಲಿ. ಅದನ್ನು ಉತ್ತಿದವನಿಗೆ, ಊರಿನ ಭೂಹೀನನಿಗೆ, ದಲಿತನಿಗೆ ಮೊದಲ ಪಾಲು ಸಲ್ಲಲಿ.

ಜನರ ಪಾಲಿನ ಕೆಲಸವೂ ಇದೆ. ತಂದೆ ಸತ್ತ ಮೂರು ತಿಂಗಳೊಳಗೆ ಪೌತಿ ಖಾತೆಗೆ ಅರ್ಜಿ ಕೊಡುವುದು, ಅಕ್ಕತಂಗಿಯರ ಹೆಸರನ್ನು ಅದರಲ್ಲಿ ಸೇರಿಸುವುದು, ಮಕ್ಕಳಿಲ್ಲದವರು ಬದುಕಿರುವಾಗಲೇ ಉಯಿಲು ಬರೆದು ನೋಂದಾಯಿಸುವುದು. ಇವಕ್ಕೆ ಯಾವ ಆಂದೋಲನವೂ ಬೇಕಿಲ್ಲ. ತಿಥಿಯೂಟಕ್ಕೆ, ಚೆಹ್ಲುಮ್‌ನ ಬಿರಿಯಾನಿಗೆ ಮಾಡುವ ಖರ್ಚಿನ ಒಂದಂಶ ಸಾಕು. ಮಸೀದಿ, ಮಠ, ದೇವಸ್ಥಾನಗಳ ಸಮಿತಿಗಳು ವರ್ಷಕ್ಕೊಮ್ಮೆ ತಮ್ಮ ಊರಿನಲ್ಲಿ ಖಾತೆ ಬದಲಾಗದ ಮನೆಗಳನ್ನು ಎಣಿಸಿ ನೆರವಾದರೆ ಅದೂ ಪುಣ್ಯಕಾರ್ಯವೇ.

ವಾರಸುದಾರನೆನಿಸಿಕೊಳ್ಳಲು ಸತ್ತವರ ಸಾಲ, ಹೊಣೆ, ಕಟ್ಟಳೆಗಳನ್ನೂ ಹೊರಬೇಕು. ಸರಕಾರ ಆ ವಿಧವೆಯ ತೋಟಕ್ಕೆ ವಾರಸುದಾರನಾಗಲು ಬಯಸುವುದಾದರೆ ಆಗಲಿ, ನಮ್ಮ ಆಕ್ಷೇಪವಿಲ್ಲ. ಆದರೆ ಮೊದಲು ನ್ಯಾಯಾಲಯದಲ್ಲಿ ನಿಂತು, ಅವಳಿಗೆ ಈ ಲೋಕದಲ್ಲಿ ಇನ್ನಾರೂ ಇರಲಿಲ್ಲವೆಂದು ತೋರಿಸಲಿ. ಅನಂತರ ಅವಳ ಗುಡಿಸಲಿನ ಕೂಲಿಯವನ ಋಣವನ್ನು ತೀರಿಸಲಿ.